ಕೈಯಲ್ಲಿ ಕಸುಬು, ಜೇಬಿನಲ್ಲಿ ಸರ್ಟಿಫಿಕೇಟು

ಎಸ್ಸೆಸ್ಸೆಲ್ಸಿ ಫಲಿತಾಂಶ ಬಂದ ವಾರ ಚಿಕ್ಕಬಳ್ಳಾಪುರ ಜಿಲ್ಲೆಯ ಮನೆಮನೆಯಲ್ಲೂ ಒಂದೇ ಪಂಚಾಯಿತಿ. ತೊಂಬತ್ತರ ಮೇಲೆ ತೆಗೆದವಳು ಸೈನ್ಸಿಗೆ, ಅರವತ್ತು ತೆಗೆದವನು ಕಾಮರ್ಸಿಗೆ, ಅಂತೂ ಇಂತೂ ಪಾಸಾದವನು ಐಟಿಐಗೆ. ಬೇರೆಲ್ಲೂ ಸೀಟು ಸಿಗದವರು ಹೋಗುವ ಜಾಗ ಅದು ಅನ್ನುವ ಲೆಕ್ಕ ಇನ್ನೂ ಜನರ ತಲೆಯಿಂದ ಇಳಿದಿಲ್ಲ. ಸಾವಿರ ಅಡಿ ಬೋರ್‌ವೆಲ್ಲಿನ ಮೋಟರ್ ಸುಟ್ಟ ದಿನ ಮಾತ್ರ ಅದೇ ಮನೆಯ ಯಜಮಾನರು ವೈಂಡಿಂಗ್ ಅಂಗಡಿಯ ಹುಡುಗನ ಮುಂದೆ ‘ಇವತ್ತೇ ಮಾಡಿಕೊಡಪ್ಪ, ಟೊಮೆಟೊ ಒಣಗ್ತಾ ಇದೆ’ ಎಂದು ನಿಂತಿರುತ್ತಾರೆ.

ಈ ಜಿಲ್ಲೆಯಲ್ಲಿ ಕಸುಬಿಗೆ ಬರವಿಲ್ಲ. ಶಿಡ್ಲಘಟ್ಟದಲ್ಲಿ ರೇಷ್ಮೆ, ಗೌರಿಬಿದನೂರಿನಲ್ಲಿ ಕಾರ್ಖಾನೆ, ಚಿಂತಾಮಣಿಯಲ್ಲಿ ಪಂಪ್‌ಸೆಟ್ಟು, ಟ್ರ್ಯಾಕ್ಟರು, ಮಾರುಕಟ್ಟೆ. ಚಿಕ್ಕಬಳ್ಳಾಪುರದಿಂದ ಹೆದ್ದಾರಿ ಹಿಡಿದರೆ ದೇವನಹಳ್ಳಿ ಪಕ್ಕದಲ್ಲೇ. ಬರ ಇರುವುದು ಬೇರೆ ಕಡೆ. ಹತ್ತು ವರ್ಷ ಗ್ಯಾರೇಜಿನಲ್ಲಿ ಪಳಗಿದವನ ಬಳಿ ತೋರಿಸಲು ಒಂದು ಕಾಗದವಿಲ್ಲ. ಎರಡು ವರ್ಷ ಐಟಿಐ ಮುಗಿಸಿ ಕಾಗದ ತಂದವನಿಗೆ ಮಲ್ಟಿಮೀಟರ್ ಹಿಡಿಯಲು ಧೈರ್ಯವಿಲ್ಲ. ಎರಡೂ ಇರುವವರು ಕಡಿಮೆ, ಹಾಗಾಗಿ ಅವರು ಕೆಲಸಕ್ಕೆ ಅಲೆಯುವುದೂ ಕಡಿಮೆ. ಅವರ ಸಾಲಿಗೆ ಸೇರಬೇಕೆಂದಿದ್ದರೆ ಮುಂದೆ ಓದಿ.

1. ಗೆಳೆಯ ಸೇರಿದ ಟ್ರೇಡಿಗೇ ಸೇರಬೇಡಿ

ಐಟಿಐ ಅರ್ಜಿಯಲ್ಲಿ ಮೊದಲ ಆಯ್ಕೆ ಎಲೆಕ್ಟ್ರಿಷಿಯನ್, ಎರಡನೆಯದು ಫಿಟ್ಟರ್. ಯಾಕಪ್ಪಾ ಎಂದರೆ ‘ಎಲ್ಲರೂ ಅದನ್ನೇ ಹಾಕಿದ್ರು ಸಾರ್’. ಎರಡೂ ಒಳ್ಳೆಯ ಟ್ರೇಡುಗಳೇ. ಎರಡಕ್ಕೂ ಎಸ್ಸೆಸ್ಸೆಲ್ಸಿ ಬೇಕು, ಎರಡೂ ಎರಡೆರಡು ವರ್ಷ. ಎಸ್ಸೆಸ್ಸೆಲ್ಸಿಯಲ್ಲಿ ಡುಮ್ಕಿ ಹೊಡೆದವರಿಗೂ ಬಾಗಿಲು ಮುಚ್ಚಿಲ್ಲ. ವೆಲ್ಡರ್, ಪ್ಲಂಬರ್ ಟ್ರೇಡಿಗೆ ಎಂಟನೇ ತರಗತಿ ಪಾಸಾಗಿದ್ದರೆ ಸಾಕು, ಒಂದೇ ವರ್ಷದಲ್ಲಿ ಮುಗಿಯುತ್ತದೆ. ವೈರ್‌ಮನ್ ಟ್ರೇಡಿಗೂ ಎಂಟನೇ ತರಗತಿ ಸಾಕು, ಅವಧಿ ಎರಡು ವರ್ಷ.

ಸೇರುವ ಮುಂಚೆ ಬೇಸಿಗೆ ರಜೆಯಲ್ಲಿ ಊರಿನ ಯಾವುದಾದರೂ ಅಂಗಡಿಯಲ್ಲಿ ಒಂದು ವಾರ ನಿಂತು ನೋಡಿ. ಏಪ್ರಿಲ್ ಬಿಸಿಲಿನಲ್ಲಿ ವೆಲ್ಡಿಂಗ್ ಶೆಡ್ಡಿನೊಳಗೆ ಮಧ್ಯಾಹ್ನ ಎರಡು ಗಂಟೆ ಕಳೆದರೆ ಆ ಕಸುಬು ನಿಮಗೆ ಒಗ್ಗುತ್ತದೋ ಇಲ್ಲವೋ ಎಂಬುದು ಯಾವ ಕೌನ್ಸೆಲಿಂಗ್‌ಗಿಂತಲೂ ಚೆನ್ನಾಗಿ ಗೊತ್ತಾಗುತ್ತದೆ. ಕೆಂಪು ಹಸಿರು ಬಣ್ಣ ಬೇರೆ ಮಾಡಲು ಕಷ್ಟವಾಗುವವರು ಎಲೆಕ್ಟ್ರಿಕಲ್ ಕಡೆ ಹೋಗುವ ಮುಂಚೆ ಕಣ್ಣು ತೋರಿಸಿಕೊಳ್ಳಿ. ಎರಡು ವರ್ಷ ಓದಿ, ರೈಲ್ವೆಯ ಮೆಡಿಕಲ್‌ನಲ್ಲಿ ಅದು ಗೊತ್ತಾದರೆ ಸಂಕಟ.

2. ಬೋರ್ಡ್ ನೋಡಬೇಡಿ, ಲೇತಿನ ಕೆಳಗೆ ನೋಡಿ

ಐಟಿಐ ಎಂದು ಬೋರ್ಡ್ ಹಾಕಿದ ಕಟ್ಟಡವೆಲ್ಲ ಒಂದೇ ತೂಕದ್ದಲ್ಲ. 1956ರಲ್ಲಿ ಶುರುವಾದ ಎನ್‌ಸಿವಿಟಿ ಎಂಬ ರಾಷ್ಟ್ರೀಯ ಮಂಡಳಿಯ ಹೆಸರಿನಲ್ಲಿ ರೂಢಿಗೆ ಬಂದ ನ್ಯಾಷನಲ್ ಟ್ರೇಡ್ ಸರ್ಟಿಫಿಕೇಟಿಗೆ ದೇಶದ ಎಲ್ಲೆಡೆ ಬೆಲೆ ಇದೆ. ರಾಜ್ಯ ಮಂಡಳಿಯ, ಅಂದರೆ ಎಸ್‌ಸಿವಿಟಿಯ ಸರ್ಟಿಫಿಕೇಟು ಎಲ್ಲ ಕಡೆ ಅಷ್ಟೇ ಸಲೀಸಾಗಿ ನಡೆಯುವುದಿಲ್ಲ. ಇನ್ನೊಂದು ಸೂಕ್ಷ್ಮ ಇದೆ. ಮಾನ್ಯತೆ ಕೊಡುವುದು ಕಟ್ಟಡಕ್ಕಲ್ಲ, ಒಂದೊಂದು ಟ್ರೇಡಿಗೆ. ಎಲೆಕ್ಟ್ರಿಷಿಯನ್‌ಗೆ ಮಾನ್ಯತೆ ಇರುವ ಸಂಸ್ಥೆಯಲ್ಲಿ ಹೊಸದಾಗಿ ತೆಗೆದ ಇನ್ನೊಂದು ಟ್ರೇಡಿಗೆ ಇನ್ನೂ ಇಲ್ಲದಿರಬಹುದು. ‘ಈ ವರ್ಷ ಬರುತ್ತೆ, ಫೀಸ್ ಕಟ್ಟಿ’ ಎಂದರೆ ‘ಬಂದ ಮೇಲೆ ಕಟ್ಟುತ್ತೇನೆ’ ಎನ್ನಿ.

ವರ್ಕ್‌ಶಾಪ್ ತೋರಿಸಿ ಎಂದು ಕೇಳಿ. ತೋರಿಸಲು ಹಿಂದೆಮುಂದೆ ನೋಡಿದರೆ ಅಲ್ಲಿಗೇ ಅರ್ಧ ಉತ್ತರ ಸಿಕ್ಕಿತು. ಒಳಗೆ ಹೋದರೆ ಲೇತ್ ಯಂತ್ರದ ಕೆಳಗೆ ಬಗ್ಗಿ ನೋಡಿ. ಸುರುಳಿ ಸುರುಳಿಯಾದ ಕಬ್ಬಿಣದ ಚೂರುಗಳು ಬಿದ್ದಿದ್ದರೆ, ಎಣ್ಣೆ ಜಿಡ್ಡು ಇದ್ದರೆ ಅಲ್ಲಿ ಪಾಠ ನಡೆಯುತ್ತಿದೆ. ಯಂತ್ರ ಹೊಸದಾಗಿ ಫಳಫಳ ಎನ್ನುತ್ತಿದ್ದು ಮೇಲೆ ಧೂಳು ಕೂತಿದ್ದರೆ ಅದು ಇನ್‌ಸ್ಪೆಕ್ಷನ್ನಿಗೆ ತಂದಿಟ್ಟ ಯಂತ್ರ.

ಸರ್ಕಾರಿ ಐಟಿಐಗಳ ಬಗ್ಗೆ ಮೂಗು ಮುರಿಯುವವರು ಒಮ್ಮೆ ಹೋಗಿ ಬನ್ನಿ. ಟಾಟಾ ಟೆಕ್ನಾಲಜೀಸ್ ಜೊತೆ ಸೇರಿ ರಾಜ್ಯದ 150 ಸರ್ಕಾರಿ ಐಟಿಐಗಳನ್ನು ಟೆಕ್ನಾಲಜಿ ಹಬ್‌ಗಳಾಗಿ ಮೇಲ್ದರ್ಜೆಗೇರಿಸಿ 2022ರ ಜೂನ್‌ನಲ್ಲಿ ಉದ್ಘಾಟಿಸಲಾಯಿತು. ಖರ್ಚು 4,600 ಕೋಟಿ ರೂಪಾಯಿಗೂ ಮೇಲೆ. ಅಷ್ಟು ದುಡ್ಡು ಸುರಿದ ಮೇಲೆ ಆ ಯಂತ್ರಗಳ ಮೇಲೆ ಕೈ ಇಡಬೇಕಾದ್ದು ನಮ್ಮ ಹುಡುಗರೇ.

3. ಅರ ಉಜ್ಜುವುದಕ್ಕೆ ಬೇಸರಪಡಬೇಡಿ

ಫಿಟ್ಟರ್ ಟ್ರೇಡಿನಲ್ಲಿ ಮೊದಮೊದಲು ಕೈಗೆ ಕೊಡುವುದು ಒಂದು ಕಬ್ಬಿಣದ ತುಂಡು, ಒಂದು ಅರ. ವೈಸ್‌ಗೆ ಕಚ್ಚಿಸಿ ಉಜ್ಜಬೇಕು, ದಿನಗಟ್ಟಲೆ. ಹೊಸಬರು ಮುಂದಕ್ಕೆ ತಳ್ಳುವಾಗಲೂ ಒತ್ತುತ್ತಾರೆ, ಹಿಂದಕ್ಕೆ ಎಳೆಯುವಾಗಲೂ ಒತ್ತುತ್ತಾರೆ. ಅರದ ಹಲ್ಲು ಕಡಿಯುವುದು ಮುಂದಕ್ಕೆ ಹೋಗುವಾಗ ಮಾತ್ರ. ಹಿಂದೆ ಬರುವಾಗ ಒತ್ತಿದರೆ ಹಲ್ಲು ಮೊಂಡಾಗುತ್ತದೆ. ಇದು ತಲೆಗೆ ಒಂದು ನಿಮಿಷದಲ್ಲಿ ಹತ್ತುತ್ತದೆ, ಮೊಣಕೈಗೆ ಹತ್ತಲು ವಾರಗಳು ಬೇಕು. ಎರಡು ಕೈಯ ಒತ್ತಡ ಸಮ ಇಲ್ಲದಿದ್ದರೆ ತುಂಡಿನ ಅಂಚುಗಳು ಸವೆದು ನಡುವೆ ಉಬ್ಬು ನಿಲ್ಲುತ್ತದೆ. ಕಣ್ಣಿಗೆ ಚಪ್ಪಟೆಯಾಗಿಯೇ ಕಾಣುತ್ತದೆ. ಟ್ರೈ ಸ್ಕ್ವೇರ್ ಇಟ್ಟು ಕಿಟಕಿಯ ಕಡೆ ಎತ್ತಿ ಹಿಡಿದರೆ ಮಾತ್ರ ಬೆಳಕಿನ ಗೆರೆ ಎರಡು ಕಡೆಯಿಂದಲೂ ಇಣುಕುತ್ತದೆ. ಮೇಷ್ಟ್ರು ಏನೂ ಹೇಳುವುದಿಲ್ಲ, ತುಂಡನ್ನು ವಾಪಸ್ ಟೇಬಲ್ ಮೇಲೆ ಇಡುತ್ತಾರೆ. ಮತ್ತೆ ಉಜ್ಜು.

ಸಿಎನ್‌ಸಿ ಯಂತ್ರದ ಕಾಲದಲ್ಲಿ ಇದೆಲ್ಲ ಯಾಕೆ ಎಂದು ಹುಡುಗರು ಕೇಳುತ್ತಾರೆ. ಕೇಳಬೇಕಾದ ಪ್ರಶ್ನೆಯೇ. ವರ್ನಿಯರ್ ಕ್ಯಾಲಿಪರ್ 0.02 ಮಿಲಿಮೀಟರ್ ತೋರಿಸುತ್ತದೆ, ಆದರೆ ಆ 0.02 ಎಂದರೆ ಎಷ್ಟು ಎನ್ನುವ ಅಂದಾಜು ಬೆರಳಿಗೆ ಬರುವುದು ಅರ ಉಜ್ಜಿದವನಿಗೆ. ಯಂತ್ರ ತಪ್ಪು ಮಾಡಿದಾಗ ಮೊದಲು ಅನುಮಾನ ಬರುವುದೂ ಅವನಿಗೇ. ಇನ್ನು ಪರೀಕ್ಷೆಯ ಲೆಕ್ಕ ನೋಡಿದರೂ ಪ್ರಾಕ್ಟಿಕಲ್‌ನಲ್ಲಿ ಪಾಸಾಗಲು ನೂರಕ್ಕೆ 60 ಬೇಕು. ಕಡಿಮೆ ಅಂಕಕ್ಕೇ ಪಾಸಾಗಿ ರೂಢಿಯಾದವರು ಎಡವುವುದು ಇಲ್ಲೇ.

4. ಎಲ್ಲ ದಾಖಲೆಯಲ್ಲೂ ಒಂದೇ ಹೆಸರಿರಲಿ

ಅಂಕಪಟ್ಟಿಯಲ್ಲಿ ‘ವೆಂಕಟೇಶ್ ಎನ್’, ಆಧಾರ್‌ನಲ್ಲಿ ‘ಎನ್ ವೆಂಕಟೇಶಪ್ಪ’, ಬ್ಯಾಂಕಿನಲ್ಲಿ ‘ವೆಂಕಟೇಶ್ ನಾರಾಯಣಪ್ಪ’. ಊರಿನವರಿಗೆ ಮೂರೂ ಒಬ್ಬನೇ, ಕಂಪ್ಯೂಟರಿಗೆ ಮೂರು ಜನ. ಸ್ಟೈಪೆಂಡ್ ಬರುವುದಿಲ್ಲ, ಸರ್ಟಿಫಿಕೇಟ್ ಡಿಜಿಲಾಕರ್‌ನಲ್ಲಿ ತೆರೆಯುವುದಿಲ್ಲ, ಕೆಲಸಕ್ಕೆ ಕರೆದಾಗ ದಾಖಲೆ ಪರಿಶೀಲನೆಯಲ್ಲಿ ನಿಲ್ಲಿಸುತ್ತಾರೆ. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯನ್ನೇ ಮೂಲವಾಗಿಟ್ಟುಕೊಂಡು ಉಳಿದುದನ್ನು ಅದಕ್ಕೆ ಸರಿಮಾಡಿಸಿ, ಇಂಗ್ಲಿಷ್ ಕಾಗುಣಿತ ಸಮೇತ. ಐಟಿಐಗೆ ಸೇರುವ ಮುಂಚೆ ಮಾಡಿದರೆ ಒಂದು ಬೆಳಗ್ಗೆಯ ಕೆಲಸ. ಸೇರಿದ ಮೇಲಾದರೆ ಕಚೇರಿಯಿಂದ ಕಚೇರಿಗೆ ಓಡಾಟ.

5. ಅಪ್ರೆಂಟಿಸ್ ಎಂದರೆ ಅಗ್ಗದ ಕೂಲಿಯಲ್ಲ, ಕರಾರು ಓದಿ

ಅಪ್ರೆಂಟಿಸ್‌ಶಿಪ್‌ಗೆ 1961ರ ಕಾಯ್ದೆಯ ಬಲ ಇದೆ. ಕಂಪನಿಗೂ ನಿಮಗೂ ನಡುವೆ ಲಿಖಿತ ಕರಾರು ಆಗಬೇಕು, ಅದು ಸರ್ಕಾರಿ ಪೋರ್ಟಲ್‌ನಲ್ಲಿ ನೋಂದಣಿಯಾಗಬೇಕು. ನಿಮಗೆ ಹದಿನೆಂಟು ತುಂಬದಿದ್ದರೆ ಅಪ್ಪ ಅಥವಾ ಅಮ್ಮ ಸಹಿ ಹಾಕಬೇಕು. ನೋಂದಣಿ ಸಂಖ್ಯೆ ಕೇಳಿದಾಗ ‘ಆಮೇಲೆ ನೋಡೋಣ’ ಎಂದರೆ ನೀವು ಅಪ್ರೆಂಟಿಸ್ ಅಲ್ಲ, ಹೆಸರಿಲ್ಲದ ಹೆಲ್ಪರ್. ವರ್ಷ ದುಡಿದರೂ ಸರ್ಟಿಫಿಕೇಟ್ ಬರುವುದಿಲ್ಲ.

ದುಡ್ಡಿನ ವಿಷಯಕ್ಕೆ ಬರೋಣ. 2019ರ ನಿಯಮದ ಪ್ರಕಾರ ತಿಂಗಳಿಗೆ ಕನಿಷ್ಠ ಸ್ಟೈಪೆಂಡ್ ಹೀಗಿದೆ: ಐದರಿಂದ ಒಂಬತ್ತನೇ ತರಗತಿವರೆಗೆ ಓದಿದವರಿಗೆ 5,000 ರೂಪಾಯಿ, ಎಸ್ಸೆಸ್ಸೆಲ್ಸಿಯವರಿಗೆ 6,000, ಐಟಿಐ ಸರ್ಟಿಫಿಕೇಟ್ ಇರುವವರಿಗೆ 7,000, ಡಿಪ್ಲೊಮಾದವರಿಗೆ 8,000, ಪದವೀಧರರಿಗೆ 9,000. ಎರಡನೇ ವರ್ಷ ಶೇ 10, ಮೂರನೇ ವರ್ಷ ಶೇ 15 ಹೆಚ್ಚಾಗಬೇಕು. ಇವನ್ನು ಏರಿಸಬೇಕೆಂದು ಕೇಂದ್ರ ಅಪ್ರೆಂಟಿಸ್‌ಶಿಪ್ ಮಂಡಳಿ 2025ರಲ್ಲಿ ಶಿಫಾರಸು ಮಾಡಿದೆ. ಆದ್ದರಿಂದ ಸಹಿ ಹಾಕುವ ದಿನ ಚಾಲ್ತಿಯಲ್ಲಿರುವ ದರ ಕೇಳಿಕೊಳ್ಳಿ. ಇದು ಕನಿಷ್ಠ ಮೊತ್ತ, ಕಂಪನಿ ಹೆಚ್ಚು ಕೊಟ್ಟರೆ ಬೇಡ ಎನ್ನುವವರು ಯಾರೂ ಇಲ್ಲ. ಸ್ಟೈಪೆಂಡಿನ ಕಾಲು ಭಾಗ, ಗರಿಷ್ಠ 1,500 ರೂಪಾಯಿ, ಕೇಂದ್ರ ಸರ್ಕಾರದ ಪಾಲು. 2023ರ ಆಗಸ್ಟ್‌ನಿಂದ ಅದು ನೇರವಾಗಿ ನಿಮ್ಮ ಖಾತೆಗೆ ಬರುತ್ತದೆ. ನಾಲ್ಕನೇ ಸೂತ್ರವನ್ನು ಓದದೆ ದಾಟಿದವರು ಹಿಂದಕ್ಕೆ ಹೋಗಿ.

ಇನ್ನು ಕರಾರಿನ ಸಣ್ಣ ಅಕ್ಷರಗಳು. ಅಪ್ರೆಂಟಿಸ್‌ಶಿಪ್ ಸಲಹೆಗಾರರ ಒಪ್ಪಿಗೆ ಇಲ್ಲದೆ ಅಪ್ರೆಂಟಿಸ್ ಕೈಲಿ ಓವರ್‌ಟೈಮ್ ಮಾಡಿಸುವ ಹಾಗಿಲ್ಲ. ತರಬೇತಿಯ ವೇಳೆ ಪೆಟ್ಟಾದರೆ ಪರಿಹಾರ ಕೊಡುವ ಹೊಣೆ ಮಾಲೀಕರದು. ಕಾಯ್ದೆಯ ಪ್ರಕಾರ ಅಪ್ರೆಂಟಿಸ್ ಕೆಲಸಗಾರನಲ್ಲ, ಹಾಗಾಗಿ ಪಿಎಫ್ ಕಟ್ ಆಗುವುದಿಲ್ಲ. ನಿಮ್ಮನ್ನು ಅಪ್ರೆಂಟಿಸ್ ಎಂದು ಕರೆಯುತ್ತಾ ಪಿಎಫ್ ಹಿಡಿಯುತ್ತಿದ್ದರೆ ದಾಖಲೆಯಲ್ಲಿ ಬೇರೇನೋ ಬರೆದಿದೆ ಎಂದರ್ಥ, ವಿಚಾರಿಸಿ. ಅವಧಿ ಮುಗಿದ ಮೇಲೆ ಕೆಲಸ ಕೊಡಲೇಬೇಕೆಂಬ ಕಟ್ಟುಪಾಡು ಕಂಪನಿಗೆ ಇಲ್ಲ. ‘ಪರ್ಮನೆಂಟ್ ಗ್ಯಾರಂಟಿ’ ಎಂದು ಬಾಯಲ್ಲಿ ಹೇಳುವವರನ್ನು ಅದನ್ನೇ ಕರಾರಿನಲ್ಲಿ ಬರೆದುಕೊಡಿ ಎಂದು ಕೇಳಿ ನೋಡಿ. ಕೆಲಸ ಕೊಡಿಸುತ್ತೇನೆ ಎಂದು ದುಡ್ಡು ಕೇಳುವ ಮಧ್ಯವರ್ತಿಯ ಫೋನ್ ನಂಬರ್ ಅಳಿಸಿಹಾಕಿ.

6. ಯಲಹಂಕದ ಟಿಕೆಟ್ ತೆಗೆಯಿರಿ

ಗೌರಿಬಿದನೂರಿನಿಂದ ಬರುವ ಹಳಿಯೂ, ಚಿಂತಾಮಣಿ, ಶಿಡ್ಲಘಟ್ಟ, ಚಿಕ್ಕಬಳ್ಳಾಪುರದ ಮೇಲೆ ಬರುವ ಹಳಿಯೂ ಕೂಡುವುದು ಯಲಹಂಕದಲ್ಲಿ. ಅಲ್ಲೇ ರೈಲ್ ವೀಲ್ ಫ್ಯಾಕ್ಟರಿ ಇದೆ, 1984ರಿಂದ ರೈಲಿನ ಗಾಲಿ, ಅಚ್ಚು ತಯಾರಿಸುತ್ತಿರುವ ಕಾರ್ಖಾನೆ. ಫಿಟ್ಟರ್, ಮೆಷಿನಿಸ್ಟ್, ಟರ್ನರ್, ಎಲೆಕ್ಟ್ರಿಷಿಯನ್ ಮುಂತಾದ ಟ್ರೇಡುಗಳಲ್ಲಿ ಅಪ್ರೆಂಟಿಸ್‌ಗಳನ್ನು ತೆಗೆದುಕೊಳ್ಳುತ್ತದೆ. ರೈಲ್ವೆ ಅಪ್ರೆಂಟಿಸ್ ಆಯ್ಕೆ ಅಂಕಗಳ ಮೆರಿಟ್ ಪಟ್ಟಿಯ ಮೇಲೆ ನಡೆಯುತ್ತದೆ, ಬೇರೆ ಲಿಖಿತ ಪರೀಕ್ಷೆ ಇಲ್ಲ. ರೈಲ್ವೆಯಲ್ಲಿ ಅಪ್ರೆಂಟಿಸ್‌ಶಿಪ್ ಮುಗಿಸಿದವರಿಗೆ ಲೆವೆಲ್ 1 ನೇರ ನೇಮಕಾತಿಯಲ್ಲಿ ಶೇ 20 ಹುದ್ದೆಗಳು ಮೀಸಲಿವೆ. ಪರೀಕ್ಷೆ ಬರೆಯಲೇಬೇಕು, ಆದರೆ ಸ್ಪರ್ಧೆ ಇಡೀ ದೇಶದ ಎಸ್ಸೆಸ್ಸೆಲ್ಸಿ ಪಾಸಾದವರ ಜೊತೆಗಲ್ಲ.

ಐಟಿಐಗೆ ಸೇರುತ್ತೇನಲ್ಲ, ಎಸ್ಸೆಸ್ಸೆಲ್ಸಿ ಅಂಕ ಯಾವ ಲೆಕ್ಕ ಎಂದುಕೊಳ್ಳುವವರಿಗೆ ಒಂದು ಉದಾಹರಣೆ. 2024ರಲ್ಲಿ ಕೆಪಿಟಿಸಿಎಲ್ ಮತ್ತು ಎಸ್ಕಾಂಗಳಿಗೆ ಜೂನಿಯರ್ ಪವರ್‌ಮ್ಯಾನ್ ಮತ್ತು ಜೂನಿಯರ್ ಸ್ಟೇಷನ್ ಅಟೆಂಡೆಂಟ್ ಸೇರಿ 2,975 ಹುದ್ದೆಗಳಿಗೆ ಅರ್ಜಿ ಕರೆದರು. ಕೇಳಿದ್ದು ಎಸ್ಸೆಸ್ಸೆಲ್ಸಿ. ಅಂಕ ಇದ್ದವರನ್ನು ಕರೆದು 8 ಮೀಟರ್ ವಿದ್ಯುತ್ ಕಂಬ ಹತ್ತಿಸಿದರು.

ಹತ್ತಿರದಲ್ಲೂ ಜಾಗಗಳಿವೆ. ಗೌರಿಬಿದನೂರಿನ ಕುಡುಮಲಕುಂಟೆ ಕೈಗಾರಿಕಾ ಪ್ರದೇಶ, ಪಕ್ಕದ ದೊಡ್ಡಬಳ್ಳಾಪುರ, ದೇವನಹಳ್ಳಿ. ಕೆಎಸ್ಸಾರ್ಟಿಸಿ ಕೂಡ ಅಪ್ರೆಂಟಿಸ್‌ಗಳನ್ನು ತೆಗೆದುಕೊಳ್ಳುತ್ತದೆ. ದೂರ ಹೋಗುವ ಮುಂಚೆ ಒಂದು ಲೆಕ್ಕ ಹಾಕಿ. ಬೆಂಗಳೂರಿನಲ್ಲಿ ರೂಮು ಮಾಡಿ 9,000 ಪಡೆಯುವುದಕ್ಕಿಂತ ಅಮ್ಮ ಕಟ್ಟಿಕೊಟ್ಟ ಬುತ್ತಿ ಹಿಡಿದು ರೈಲಿನ ಸೀಸನ್ ಪಾಸಿನಲ್ಲಿ ಓಡಾಡಿ 7,000 ಪಡೆಯುವವನ ಕೈಯಲ್ಲಿ ತಿಂಗಳ ಕೊನೆಗೆ ಹೆಚ್ಚು ಉಳಿಯುತ್ತದೆ.

7. ಕೊನೆಯ ಪರೀಕ್ಷೆ ಬರೆದೇ ಹೊರಬನ್ನಿ

ಅಪ್ರೆಂಟಿಸ್‌ಶಿಪ್ ಮುಗಿಯುತ್ತಿದ್ದಂತೆ ಹತ್ತಿರದ ಕಂಪನಿಯೊಂದು ಎರಡು ಸಾವಿರ ಹೆಚ್ಚಿಗೆ ಕೊಡುತ್ತೇನೆಂದು ಕರೆಯುತ್ತದೆ, ಹುಡುಗ ಟ್ರೇಡ್ ಟೆಸ್ಟ್ ಬಿಟ್ಟು ಹೋಗುತ್ತಾನೆ. ಅಖಿಲ ಭಾರತ ಟ್ರೇಡ್ ಟೆಸ್ಟ್ ಪಾಸಾದರೆ ಬರುವುದು ನ್ಯಾಷನಲ್ ಅಪ್ರೆಂಟಿಸ್‌ಶಿಪ್ ಸರ್ಟಿಫಿಕೇಟ್. ಐಟಿಐ ಸರ್ಟಿಫಿಕೇಟ್ ನೀವು ಓದಿದ್ದಕ್ಕೆ ಸಾಕ್ಷಿಯಾದರೆ ಇದು ಕಾರ್ಖಾನೆಯ ನೆಲದ ಮೇಲೆ ನಿಂತು ದುಡಿದದ್ದಕ್ಕೆ ಸಾಕ್ಷಿ. ಬಿಟ್ಟು ಹೋದರೆ ಮುಂದೆ ಬಯೋಡೇಟಾದಲ್ಲಿ ಆ ಒಂದು ವರ್ಷ ಖಾಲಿ. ಮಾಡಿದ ಜಾಬ್‌ಗಳ ಫೋಟೊ ತೆಗೆದಿಟ್ಟುಕೊಳ್ಳಿ, ಕಂಪನಿ ಫೋನಿಗೆ ಅನುಮತಿ ಕೊಟ್ಟರೆ ಮಾತ್ರ.

8. ಕೈಯಿಂದಲೇ ಕಲಿತವರೇ, ನಿಮ್ಮ ಕಸುಬಿಗೂ ಕಾಗದ ಉಂಟು

ಶಿಡ್ಲಘಟ್ಟದ ಯಾವ ಬೀದಿಗೆ ಹೋದರೂ ಗೂಡು ಬೇಯುವ ವಾಸನೆ ಮೂಗಿಗೆ ಬರುತ್ತದೆ. ಒಳಗೆ ನೂಲು ಬಿಚ್ಚುವವರು, ಹೆಚ್ಚಾಗಿ ಹೆಣ್ಣುಮಕ್ಕಳು, ಬೇಸಿನ್ನಿನ ಬಿಸಿನೀರಿಗೆ ಕೈಹಾಕಿ ನಿಂತಿರುತ್ತಾರೆ. ಒಂದು ಗೂಡಿನ ಎಳೆ ಬರಿಗಣ್ಣಿಗೆ ಕಂಡೂ ಕಾಣದಷ್ಟು ಸಣ್ಣದು. ದ್ವಿತಳಿ ಗೂಡಾದರೆ ಎಂಟು ಒಂಬತ್ತು ಎಳೆ ಸೇರಿದರೆ ಸುಮಾರು 20/22 ಡೆನಿಯರಿನ ನೂಲು. ಬೇಸಿನ್ನಿನಲ್ಲಿ ಕುಣಿಯುವ ಗೂಡುಗಳಲ್ಲಿ ಒಂದು ಬಿಚ್ಚಿ ಮುಗಿದರೆ ಅಥವಾ ಎಳೆ ತುಂಡಾದರೆ ಆ ಕ್ಷಣವೇ ಇನ್ನೊಂದು ಗೂಡಿನ ತುದಿ ಹಿಡಿದು ಓಡುವ ನೂಲಿಗೆ ಎಸೆಯಬೇಕು. ಎಸೆಯುವುದು ತಡವಾದರೆ ಅಷ್ಟು ಉದ್ದ ನೂಲು ತೆಳ್ಳಗಾಗುತ್ತದೆ, ಮುಂದೆ ಎಲ್ಲೋ ಮಗ್ಗದಲ್ಲಿ ಕಿತ್ತುಹೋಗುತ್ತದೆ. ಗೂಡು ಹೆಚ್ಚು ಬೆಂದರೆ ಎಳೆ ಕಸವಾಗುತ್ತದೆ, ಕಡಿಮೆ ಬೆಂದರೆ ತುದಿ ಸಿಗುವುದಿಲ್ಲ. ಇದನ್ನು ಅವರು ಗಡಿಯಾರ ನೋಡಿ ಹೇಳುವುದಿಲ್ಲ, ಎರಡು ಬೆರಳಿನಲ್ಲಿ ಗೂಡು ಹಿಸುಕಿ ಹೇಳುತ್ತಾರೆ. ಒಂದು ಕಿಲೋ ನೂಲಿಗೆ ಎಷ್ಟು ಕಿಲೋ ಗೂಡು ಹೋಯಿತು ಎಂಬ ರೆಂಡಿಟ್ಟ ಲೆಕ್ಕದಲ್ಲಿ ಮಾಲೀಕರ ಲಾಭ ನಷ್ಟ ಎರಡೂ ಈ ಬೆರಳುಗಳ ಮೇಲೆ ನಿಂತಿವೆ. ಇಷ್ಟೆಲ್ಲ ಗೊತ್ತಿರುವವರನ್ನು ಸರ್ಕಾರಿ ಅರ್ಜಿಯಲ್ಲಿ ‘ಕೌಶಲ್ಯರಹಿತ’ ಎಂಬ ಕಾಲಂಗೆ ಸೇರಿಸುವುದನ್ನು ಕಂಡಾಗ ನನಗೆ ಸಿಟ್ಟೇ ಬರುತ್ತದೆ.

ಇಂಥವರಿಗಾಗಿಯೇ ಇರುವುದು ಆರ್‌ಪಿಎಲ್, ಅಂದರೆ ಮೊದಲೇ ಕಲಿತದ್ದಕ್ಕೆ ಮಾನ್ಯತೆ. 2015ರಲ್ಲಿ ಶುರುವಾದ ಪ್ರಧಾನಮಂತ್ರಿ ಕೌಶಲ ವಿಕಾಸ ಯೋಜನೆಯಲ್ಲಿ ಇದೂ ಒಂದು ಭಾಗ. ಗೊತ್ತಿರುವ ಕಸುಬನ್ನು ಮಾಡಿ ತೋರಿಸಿ, ಮೌಲ್ಯಮಾಪನದಲ್ಲಿ ಪಾಸಾದರೆ ಸರ್ಟಿಫಿಕೇಟ್. ಇದನ್ನು ಐಟಿಐ ಸರ್ಟಿಫಿಕೇಟಿಗೆ ಸಮ ಎಂದುಕೊಳ್ಳಬೇಡಿ, ಅಷ್ಟು ತೂಕ ಇದಕ್ಕಿಲ್ಲ. ಆದರೂ ಬ್ಯಾಂಕಿನವರು, ಗುತ್ತಿಗೆದಾರರು, ಹೊರಗಿನ ಕಂಪನಿಯವರು ಕೇಳುವ ‘ಏನಾದರೂ ದಾಖಲೆ ಇದೆಯೇ’ ಎಂಬ ಪ್ರಶ್ನೆಗೆ ಒಂದು ಉತ್ತರ ಸಿಕ್ಕಿತು. ರೀಲಿಂಗ್‌ನಲ್ಲೇ ಆಳಕ್ಕೆ ಇಳಿಯಬೇಕೆಂದಿರುವವರಿಗೆ ಕೇಂದ್ರ ರೇಷ್ಮೆ ಮಂಡಳಿಯ ತಾಂತ್ರಿಕ ಸಂಶೋಧನಾ ಸಂಸ್ಥೆ 1983ರಿಂದ ಬೆಂಗಳೂರಿನಲ್ಲಿದೆ, ತರಬೇತಿಯನ್ನೂ ಕೊಡುತ್ತದೆ. ಹುಳು ಸಾಕುವ ಕಡೆ ಒಲವಿದ್ದರೆ ಚಿಂತಾಮಣಿಯಲ್ಲೇ ರೇಷ್ಮೆ ಕೃಷಿ ಕಾಲೇಜಿದೆ, ಕುರುಬೂರಿನಲ್ಲಿ ಕೃಷಿ ವಿಜ್ಞಾನ ಕೇಂದ್ರವಿದೆ.

2023ರ ಸೆಪ್ಟೆಂಬರ್ 17ರಂದು ಬಂದ ಪಿಎಂ ವಿಶ್ವಕರ್ಮ ಯೋಜನೆಯ ಬಗ್ಗೆ ಎಲ್ಲರೂ ಕೇಳುತ್ತಾರೆ. ಅದರಲ್ಲಿರುವುದು 18 ಕಸುಬು: ಬಡಗಿ, ಕಮ್ಮಾರ, ಅಕ್ಕಸಾಲಿಗ, ಕುಂಬಾರ, ಶಿಲ್ಪಿ, ಗಾರೆ ಕೆಲಸ, ಕ್ಷೌರಿಕ, ದರ್ಜಿ, ಹೂ ಕಟ್ಟುವವರು ಹೀಗೆ. ಗುರುತಿನ ಚೀಟಿ, ದಿನಕ್ಕೆ 500 ರೂಪಾಯಿ ಭತ್ಯೆಯೊಂದಿಗೆ ತರಬೇತಿ, ಉಪಕರಣಕ್ಕೆ 15,000 ರೂಪಾಯಿ, ಶೇ 5ರ ಬಡ್ಡಿಯಲ್ಲಿ ಮೊದಲು ಒಂದು ಲಕ್ಷ, ಅದನ್ನು ತೀರಿಸಿದ ಮೇಲೆ ಎರಡು ಲಕ್ಷ ಸಾಲ. ಒಂದು ಮನೆಗೆ ಒಬ್ಬರಿಗೆ ಮಾತ್ರ. ನೂಲು ಬಿಚ್ಚುವವರು ಈ ಪಟ್ಟಿಯಲ್ಲಿಲ್ಲ, ಎಲೆಕ್ಟ್ರಿಷಿಯನ್, ಮೆಕ್ಯಾನಿಕ್‌ಗಳೂ ಇಲ್ಲ. ಯಾರಾದರೂ ‘ಸೇರಿಸಿಕೊಡುತ್ತೇನೆ’ ಎಂದು ದುಡ್ಡು ಕೇಳಿದರೆ ಪಟ್ಟಿ ತೋರಿಸಿ ಎನ್ನಿ.

9. ಯಾರೂ ಹೋಗದ ಕಡೆ ಒಮ್ಮೆ ಇಣುಕಿ

ಶಿಡ್ಲಘಟ್ಟದ ಹುಡುಗ ಫಿಟ್ಟರ್ ಮುಗಿಸಿದ ಕೂಡಲೇ ಪೀಣ್ಯದ ಬಸ್ಸು ಹತ್ತುತ್ತಾನೆ. ಆದರೆ ಅವನ ಊರಿನಲ್ಲೇ ಚರಕ, ಕಾಟೇಜ್ ಬೇಸಿನ್ನಿನ ಪಕ್ಕದಲ್ಲಿ ಈಗ ಆಟೊಮ್ಯಾಟಿಕ್ ರೀಲಿಂಗ್ ಯಂತ್ರಗಳು ಬರುತ್ತಿವೆ. ಅದರಲ್ಲಿ ಮೋಟರ್ ಇದೆ, ಸೆನ್ಸರ್ ಇದೆ, ಹಬೆಯ ಪೈಪು ಇದೆ, ಬೇರಿಂಗ್ ಇದೆ. ಕೆಟ್ಟು ನಿಂತ ದಿನ ಕೊಂಡ ಗೂಡು ಹಾಗೇ ಬಿದ್ದಿರುತ್ತದೆ, ಒಳಗಿನ ಹುಳು ಚಿಟ್ಟೆಯಾಗಿ ಗೂಡು ತೂತು ಮಾಡಲು ಮುಹೂರ್ತ ಕಾಯುವುದಿಲ್ಲ. ಮಾಲೀಕರು ರಾತ್ರಿ ಹನ್ನೊಂದಕ್ಕೂ ಫೋನ್ ಮಾಡುತ್ತಾರೆ, ಕೇಳಿದಷ್ಟು ಕೊಡುತ್ತಾರೆ. ಹಬೆ ಇರುವ ಕಡೆ ಬಾಯ್ಲರ್ ಇರುತ್ತದೆ, ಬಾಯ್ಲರ್ ನೋಡಿಕೊಳ್ಳಲು ಅಟೆಂಡೆಂಟ್ ಪರೀಕ್ಷೆ, ಸರ್ಟಿಫಿಕೇಟ್ ಬೇರೆಯೇ ಇದೆ. ಅದನ್ನು ಪಾಸು ಮಾಡಿದವನಿಗೆ ರೇಷ್ಮೆ ಘಟಕ ಬೇಸರವಾದರೆ ಅಕ್ಕಿ ಗಿರಣಿ, ಔಷಧ ಕಾರ್ಖಾನೆ, ಎಲ್ಲಿಗೆ ಬೇಕಾದರೂ ದಾರಿ.

ಬೋರ್‌ವೆಲ್ ಮೋಟರ್ ವೈಂಡಿಂಗ್ ಕೂಡ ಅಷ್ಟೇ. ಎಲ್ಲರೂ ಮನೆ ವೈರಿಂಗ್ ಕಲಿಯುತ್ತಾರೆ. ಸ್ಟೇಟರ್ ಒಳಗೆ ಸುಟ್ಟ ತಾಮ್ರದ ತಂತಿ ಕಿತ್ತು, ಸುತ್ತು ಎಣಿಸಿ, ಅದೇ ಗೇಜಿನ ಹೊಸ ತಂತಿ ಹಾಕುವ ಸಹನೆ ಇರುವವರು ಕಡಿಮೆ. ಚಿಂತಾಮಣಿ ಸೀಮೆಯಲ್ಲಿ ಬೇಸಿಗೆ ಬಂದರೆ ಇವರ ಅಂಗಡಿಯ ಮುಂದೆ ಮೋಟರುಗಳದೇ ಸಾಲು.

10. ಸರ್ಟಿಫಿಕೇಟ್ ಬೇರೆ, ಲೈಸೆನ್ಸ್ ಬೇರೆ

ಐಟಿಐ ಎಲೆಕ್ಟ್ರಿಷಿಯನ್ ಪಾಸಾದ ಮಾತ್ರಕ್ಕೆ ಮನೆಗೆ ಕರೆಂಟ್ ಕೊಡಿಸುವ ಗುತ್ತಿಗೆ ಹಿಡಿಯುವ ಹಾಗಿಲ್ಲ. ರಾಜ್ಯದ ವಿದ್ಯುತ್ ಪರಿವೀಕ್ಷಣಾಲಯದ ಕಡೆಯಿಂದ ವೈರ್‌ಮನ್ ಪರ್ಮಿಟ್, ಆಮೇಲೆ ಸೂಪರ್‌ವೈಸರ್ ಪರ್ಮಿಟ್, ಗುತ್ತಿಗೆದಾರರ ಲೈಸೆನ್ಸ್ ಎಂದು ಮೆಟ್ಟಿಲುಗಳಿವೆ. ಬೆಸ್ಕಾಂ ಅರ್ಜಿಗೆ ಇನ್ನೊಬ್ಬರ ಲೈಸೆನ್ಸ್ ನಂಬರ್ ಹಾಕಿಸಿ ಪ್ರತಿ ಸಲ ಅವರಿಗೆ ದುಡ್ಡು ಕೊಡುವ ಬದಲು ನಿಮ್ಮದೇ ಮಾಡಿಸಿಕೊಳ್ಳಿ. ರೇಷ್ಮೆಯಲ್ಲೂ ಹಾಗೆಯೇ. ಸ್ವಂತ ಬೇಸಿನ್ ಹಾಕಿ ಮಾರುಕಟ್ಟೆಯಲ್ಲಿ ಗೂಡು ಹರಾಜು ಕೂಗಬೇಕಾದರೆ ರೇಷ್ಮೆ ಇಲಾಖೆಯ ರೀಲರ್ ಲೈಸೆನ್ಸ್ ಬೇಕು, 1959ರ ಕಾಯ್ದೆಯಿಂದ ಬಂದ ನಿಯಮ ಅದು.

ಗಾರೆ, ಬಡಗಿ, ಪೇಂಟಿಂಗ್, ಪ್ಲಂಬಿಂಗ್, ವೈರಿಂಗ್ ಎಂದು ಕಟ್ಟಡದ ಕೆಲಸದಲ್ಲಿರುವವರು ವರ್ಷಕ್ಕೆ 90 ದಿನ ದುಡಿದಿದ್ದರೆ ಲೇಬರ್ ಕಾರ್ಡ್ ಮಾಡಿಸಿ. 18ರಿಂದ 60 ವರ್ಷದೊಳಗಿನವರಿಗೆ ಮಾತ್ರ. ಮಕ್ಕಳ ಓದಿಗೆ ಸಹಾಯಧನ ಬರುವುದು ಇದರ ಮೇಲೆ. ಕಟ್ಟಡ ಕೆಲಸವನ್ನೇ ಮಾಡದವರು ಕಾರ್ಡ್ ಮಾಡಿಸಿಕೊಂಡು ನಿಜವಾದ ಮೇಸ್ತ್ರಿಗಳ ಅರ್ಜಿ ಸಂಶಯಕ್ಕೆ ಗುರಿಯಾಗುವ ಹಾಗೆ ಮಾಡಿದ್ದಾರೆ. ಹಾಗಾಗಿ ಕೆಲಸ ಮಾಡಿದ ಜಾಗದ ದಾಖಲೆ ಇಟ್ಟುಕೊಂಡಿರಿ.

11. ಹುಡುಗಿಯರು ಹೊಲಿಗೆಗೇ ನಿಲ್ಲಬೇಕಿಲ್ಲ

ಗೌರಿಬಿದನೂರು, ದೊಡ್ಡಬಳ್ಳಾಪುರದ ಗಾರ್ಮೆಂಟ್ಸ್‌ಗಳಿಗೆ ಬೆಳಗಾಗುವ ಮುಂಚೆ ಹಳ್ಳಿಗಳಿಂದ ಹೊರಡುವ ವ್ಯಾನುಗಳನ್ನು ನೋಡಿದವರಿಗೆ ಗೊತ್ತು, ಈ ಸೀಮೆಯ ಎಷ್ಟೋ ಮನೆಗಳು ಆ ಹೆಣ್ಣುಮಕ್ಕಳ ಸಂಬಳದಲ್ಲಿ ನಡೆಯುತ್ತಿವೆ. ಹೊಲಿಗೆ ಟ್ರೇಡು ಕಲಿತು ಸರ್ಟಿಫಿಕೇಟ್ ಹಿಡಿದರೆ ಟೈಲರ್ ಲೈನಿನಿಂದ ಕ್ವಾಲಿಟಿ ಚೆಕಿಂಗ್‌ಗೆ, ಸೂಪರ್‌ವೈಸರ್ ಜಾಗಕ್ಕೆ ಹತ್ತಲು ಅನುಕೂಲ. ಆದರೆ ದೇವನಹಳ್ಳಿ ಕಡೆ ಈಗ ಫೋನ್ ಜೋಡಿಸುವ ಫಾಕ್ಸ್‌ಕಾನ್ ಕಾರ್ಖಾನೆ ಬಂದಿದೆ. ಎಲೆಕ್ಟ್ರಾನಿಕ್ ಮೆಕ್ಯಾನಿಕ್ ಟ್ರೇಡಿಗೆ ಮಗಳನ್ನು ಸೇರಿಸಲು ಇನ್ನೂ ಯೋಚನೆ ಮಾಡುತ್ತಿರುವ ಅಪ್ಪಂದಿರು ಒಮ್ಮೆ ಅತ್ತ ಕಡೆ ಹೋಗಿ ಬರಲಿ.

12. ಓದು ಅಲ್ಲಿಗೆ ಮುಗಿಯಿತು ಎಂದುಕೊಳ್ಳಬೇಡಿ

ಎರಡು ವರ್ಷದ ಐಟಿಐ ಪಾಸಾದವರು ಲ್ಯಾಟರಲ್ ಎಂಟ್ರಿಯಲ್ಲಿ ಡಿಪ್ಲೊಮಾದ ಎರಡನೇ ವರ್ಷಕ್ಕೆ ನೇರ ಸೇರಬಹುದು. ಡಿಪ್ಲೊಮಾ ಮುಗಿಸಿ ಡಿಸಿಇಟಿ ಬರೆದರೆ ಎಂಜಿನಿಯರಿಂಗ್‌ನ ಎರಡನೇ ವರ್ಷ. ಪಾಠ ಹೇಳುವುದು ಇಷ್ಟವಾದರೆ ಒಂದು ವರ್ಷದ ಸಿಐಟಿಎಸ್ ತರಬೇತಿ ಮುಗಿಸಿ ಐಟಿಐ ಬೋಧಕರಾಗಬಹುದು.

ಇಲ್ಲಿ ವಿಶ್ವೇಶ್ವರಯ್ಯನವರ ಊರು ಮುದ್ದೇನಹಳ್ಳಿಯ ಮಾತು ಬಾರದೆ ಇರುವುದಿಲ್ಲ. ಸೆಪ್ಟೆಂಬರ್ 15ರಂದು ವಿಶ್ವೇಶ್ವರಯ್ಯನವರ ಫೋಟೊಗೆ ಹಾರ ಹಾಕಿ ಅಣೆಕಟ್ಟು, ನೀರಿನ ಗೇಟುಗಳ ಬಗ್ಗೆ ಭಾಷಣ ಮಾಡುತ್ತಾರೆ. 1943ರಲ್ಲಿ ಬೆಂಗಳೂರಿನಲ್ಲಿ ಶ್ರೀ ಜಯಚಾಮರಾಜೇಂದ್ರ ಆಕ್ಯುಪೇಷನಲ್ ಇನ್‌ಸ್ಟಿಟ್ಯೂಟ್ ಶುರುವಾದದ್ದು ಅವರ ಒತ್ತಾಸೆಯಿಂದ ಎಂಬುದನ್ನು ಹೇಳುವವರು ವಿರಳ. ಹುಡುಗರು ಕೈಕೆಲಸ ಕಲಿತು ಕೂಡಲೇ ದುಡಿಯುವಂತಾಗಬೇಕೆಂಬುದು ಅದರ ಉದ್ದೇಶ. ಅದೇ ಇವತ್ತಿನ ಎಸ್.ಜೆ. ಪಾಲಿಟೆಕ್ನಿಕ್. ಎಂಜಿನಿಯರುಗಳ ದಿನ ಅವರದಾದರೆ ಫಿಟ್ಟರ್, ಟರ್ನರ್‌ಗಳಿಗೂ ಅದರಲ್ಲಿ ಪಾಲಿದೆ.

13. ನೀವೇ ಅಂಗಡಿ ಇಟ್ಟ ಮೇಲೆ

ನಾಲ್ಕಾರು ವರ್ಷದಲ್ಲಿ ನಿಮ್ಮದೇ ಫ್ಯಾಬ್ರಿಕೇಷನ್ ಶೆಡ್ಡೋ ಸರ್ವಿಸ್ ಸೆಂಟರೋ ಆಗುತ್ತದೆ. ಆಗ ನಿಮ್ಮ ಬಳಿ ಹುಡುಗರು ಬರುತ್ತಾರೆ. ನಾಲ್ಕರಿಂದ 29 ಜನ ಕೆಲಸಗಾರರಿರುವ ಸಂಸ್ಥೆ ಮನಸ್ಸಿದ್ದರೆ ಅಪ್ರೆಂಟಿಸ್ ತೆಗೆದುಕೊಳ್ಳಬಹುದು, 30 ಮುಟ್ಟಿದರೆ ತೆಗೆದುಕೊಳ್ಳಲೇಬೇಕು, ಒಟ್ಟು ಕೆಲಸಗಾರರ ಶೇ 2.5ರಿಂದ 15ರಷ್ಟು. ದೊಡ್ಡ ಕಂಪನಿಗಳಿಗೆ ಮಾತ್ರ ಇದು ಎಂದುಕೊಂಡು ನಮ್ಮ ಊರುಗಳ ಸಣ್ಣ ಮಾಲೀಕರು ಆ ಕಡೆ ತಲೆಹಾಕುವುದಿಲ್ಲ. ಪೋರ್ಟಲ್‌ನಲ್ಲಿ ಸಂಸ್ಥೆಯನ್ನು ನೋಂದಾಯಿಸಿ, ಕರಾರು ಹಾಕಿ. ಹುಡುಗನ ಸ್ಟೈಪೆಂಡಿನಲ್ಲಿ ತಿಂಗಳಿಗೆ 1,500 ರೂಪಾಯಿವರೆಗೆ ಕೇಂದ್ರ ಕೊಡುತ್ತದೆ. ನಿಮ್ಮ ಪಾಲನ್ನು ಮುಂದಿನ ತಿಂಗಳ ಹತ್ತನೇ ತಾರೀಖಿನೊಳಗೆ ಬ್ಯಾಂಕಿಗೆ ಹಾಕಿ. ಟೀ ತರಲು ಕಳಿಸುವುದು ಕಡಿಮೆ ಮಾಡಿ, ಗ್ರೈಂಡರ್ ಹಿಡಿಸುವ ಮುಂಚೆ ಕನ್ನಡಕ ಕೊಡಿ. ವಯಸ್ಸಿನ ದಾಖಲೆ ನೋಡದೆ ಯಾರನ್ನೂ ನಿಲ್ಲಿಸಿಕೊಳ್ಳಬೇಡಿ. ಹದಿನಾಲ್ಕು ತುಂಬದವರನ್ನು ಇಟ್ಟುಕೊಂಡರೆ ಅದು ಅಪ್ರೆಂಟಿಸ್‌ಶಿಪ್ ಅಲ್ಲ, ಬಾಲಕಾರ್ಮಿಕ ಕಾಯ್ದೆಯ ಪ್ರಕಾರ ಅಪರಾಧ. ಅಪಾಯಕಾರಿ ಕೆಲಸಕ್ಕೆ ಹದಿನೆಂಟು ತುಂಬಿರಬೇಕು.